ಅವ್ವ ನೋಡಿದ ಸಿನಿಮಾ

ಸಾಕ್ಷ್ಯಚಿತ್ರವೆಂದರೆ ನನಗೆ ಚಿಕ್ಕಂದಿನಿಂದಲೂ ಒಂದು ಬಗೆಯ ಅಂಜಿಕೆ. ಮದ್ದೂರಿನ ಕಡೆಯ ನಮ್ಮ ಹಳ್ಳಿಯಿಂದ ಎರಡು ಮೈಲಿ ನಡೆದು ಟೆಂಟ್ ಸಿನಿಮಾಕ್ಕೆ ಹೋಗುತ್ತಿದ್ದ ಕಾಲದಲ್ಲಿ, ರಾಜಕುಮಾರ್ ಪರದೆಯ ಮೇಲೆ ಕಾಣಿಸಿಕೊಳ್ಳುವುದಕ್ಕೆ ಮೊದಲು ಸರ್ಕಾರದ ಫಿಲ್ಮ್ಸ್ ಡಿವಿಷನ್ ತಯಾರಿಸಿದ ವಾರ್ತಾಚಿತ್ರವನ್ನೋ ಸಾಕ್ಷ್ಯಚಿತ್ರವನ್ನೋ ನೋಡಿಯೇ ತೀರಬೇಕಾಗಿತ್ತು. ಅಣೆಕಟ್ಟು, ಗೊಬ್ಬರದ ಕಾರ್ಖಾನೆ, ಹೊಸ ತಳಿಯ ಗೋಧಿ. ಇವುಗಳ ಮೇಲೆಲ್ಲ ಗಂಭೀರವಾದ ಒಂದು ಗಂಡು ಧ್ವನಿ. ಆ ಧ್ವನಿಗೆ ತಿಳಿಯದ ವಿಷಯವೇ ಇರಲಿಲ್ಲ. ಟ್ರಾಕ್ಟರು ಕಣ್ಣೆದುರಿಗೇ ಓಡುತ್ತಿದ್ದರೂ, ಟ್ರಾಕ್ಟರು ಓಡುತ್ತಿದೆಯೆಂದು ಅದು ನಮಗೆ ತಿಳಿಸಿ ಹೇಳುತ್ತಿತ್ತು. ನಮ್ಮೂರಿನವರು ಆ ಹೊತ್ತನ್ನು ಕಡಲೆಕಾಯಿ ಕೊಳ್ಳುವುದಕ್ಕೂ ಬೀಡಿ ಹಚ್ಚುವುದಕ್ಕೂ ಮೀಸಲಾಗಿಟ್ಟಿದ್ದರು. ಅವರನ್ನು ತಪ್ಪೆನ್ನಲು ನನಗೆ ಇಂದಿಗೂ ಮನಸ್ಸು ಬಾರದು.

ಆದುದರಿಂದಲೇ, ಚಿತ್ರಸಂಕಲನ ಕಲಿಯುತ್ತಿರುವ ನನ್ನ ಮಗಳು ಒಂದು ಭಾನುವಾರ ಮಧ್ಯಾಹ್ನ, “ಅಪ್ಪಾ, ಇವತ್ತು ಒಂದು ಸಾಕ್ಷ್ಯಚಿತ್ರ ನೋಡೋಣ, ಆಹಾರ ಹೇಗೆ ತಯಾರಾಗುತ್ತದೆ ಅನ್ನುವುದರ ಮೇಲೆ” ಎಂದಾಗ ನನ್ನ ಉತ್ಸಾಹ ಅಷ್ಟಕ್ಕಷ್ಟೆ. ಊಟವಾಗಿತ್ತು. ರಾಗಿಮುದ್ದೆ, ಕೋಳಿಸಾರು. ಅಂತಹ ಊಟದ ಮೇಲೆ ಮನುಷ್ಯನಿಗೆ ಬೇಕಾದುದು ಜ್ಞಾನವಲ್ಲ, ದಿಂಬು. ಆದರೆ ಮಗಳು ಕಿಟಕಿಯ ಪರದೆಗಳನ್ನು ಆಗಲೇ ಎಳೆದುಬಿಟ್ಟಿದ್ದಳು. ನನ್ನಾಕೆ ಸೊಪ್ಪು ಬಿಡಿಸುವ ಕೆಲಸವನ್ನು ಮಡಿಲಲ್ಲಿಟ್ಟುಕೊಂಡು ಬಂದು ಕುಳಿತಳು. ಅಷ್ಟರಲ್ಲಿ ನಮ್ಮ ಅವ್ವ ಗೋಡೆ ಹಿಡಿದುಕೊಂಡು ನಿಧಾನವಾಗಿ ಹೊರಕ್ಕೆ ಬಂದಳು. ಅವಳಿಗೆ 86 ವರ್ಷ. ಧಾರಾವಾಹಿಯೆಂದು ತಿಳಿದಿದ್ದಳೋ ಏನೋ.

“ಅದ್ಯಾವ ಭಾಸೆ ಮಗ?” ಎಂದು ಮೊಮ್ಮಗಳನ್ನು ಕೇಳಿದಳು.

“ಇದರಲ್ಲಿ ಮಾತೇ ಇಲ್ಲ ಅಜ್ಜಿ.”

“ಹಂಗಾರೆ ನಂಗೂ ತಿಳೀತದೆ, ಹಾಕು” ಎಂದು ಅವ್ವ ಬೆತ್ತದ ಕುರ್ಚಿಯಲ್ಲಿ ಕುಳಿತಳು.

ಮಾತಿಲ್ಲವೆಂದು ಮಗಳು ಹೇಳಿದ್ದು ಉತ್ಪ್ರೇಕ್ಷೆಯಲ್ಲ. ಆಸ್ಟ್ರಿಯಾ ದೇಶದ ನಿಕೊಲಾಸ್ ಗೈರ್‌ಹಾಲ್ಟರ್ ಎಂಬಾತ 2005ರಲ್ಲಿ ಹೊರತಂದ ಈ ಚಿತ್ರದ ಅವಧಿ 92 ನಿಮಿಷ. ಅಷ್ಟು ಹೊತ್ತಿನಲ್ಲಿ ಒಂದು ವಿವರಣೆಯಿಲ್ಲ, ಒಂದು ಸಂದರ್ಶನವಿಲ್ಲ, ಹಿನ್ನೆಲೆ ಸಂಗೀತವೂ ಇಲ್ಲ. ಯಂತ್ರಗಳು ಮಾಡುವ ಸದ್ದು ಇದೆ. ಕೆಲಸಗಾರರು ತಮ್ಮ ತಮ್ಮಲ್ಲಿ ಆಡಿಕೊಳ್ಳುವ ಎರಡು ಮಾತು ಆಗೊಮ್ಮೆ ಈಗೊಮ್ಮೆ ಕೇಳಿಸುತ್ತದೆ. ಅದಕ್ಕೂ ಅನುವಾದ ಕೊಟ್ಟಿಲ್ಲ. ಇದು ಯಾವ ಊರು, ಯಾವ ಕಾರ್ಖಾನೆ, ಇವನು ಯಾರು, ಇವನ ಕೂಲಿಯೆಷ್ಟು ಎಂಬುದನ್ನು ಎಲ್ಲಿಯೂ ಬರೆದು ತೋರಿಸುವುದಿಲ್ಲ. ಜರ್ಮನ್ ಭಾಷೆಯಲ್ಲಿ ಅದರ ಹೆಸರಿಗೆ ‘ನಮ್ಮ ದಿನನಿತ್ಯದ ರೊಟ್ಟಿ’ ಎಂದು ಅರ್ಥ. ಕ್ರೈಸ್ತರು ನಿತ್ಯವೂ ಮಾಡುವ ಪ್ರಾರ್ಥನೆಯಿಂದ ಎತ್ತಿಕೊಂಡ ಮಾತು ಅದು. ಹೆಸರಿನಲ್ಲಿ ಪ್ರಾರ್ಥನೆಯಿದ್ದರೂ ಚಿತ್ರ ಆರಂಭವಾಗುವುದು ಸಾಲಾಗಿ ತೂಗುಬಿಟ್ಟ ಹಂದಿಗಳ ನಡುವೆ ಒಬ್ಬ ಮನುಷ್ಯ ನೆಲಕ್ಕೆ ನೀರು ಹಾಯಿಸುತ್ತ ನಡೆಯುವುದರಿಂದ.

ಈ ಗೈರ್‌ಹಾಲ್ಟರ್ 1972ರಲ್ಲಿ ವಿಯೆನ್ನಾ ನಗರದಲ್ಲಿ ಹುಟ್ಟಿದವನು. ತನ್ನ ಚಿತ್ರಗಳಿಗೆ ತಾನೇ ಛಾಯಾಗ್ರಾಹಕ. ಚೆರ್ನೋಬಿಲ್ ಅಣುಸ್ಥಾವರದ ದುರಂತವಾದ ಮೇಲೆ ಆ ನಿಷಿದ್ಧ ಪ್ರದೇಶದಲ್ಲಿ ಉಳಿದವರನ್ನು ಕುರಿತು 1999ರಲ್ಲಿಯೇ ಒಂದು ಚಿತ್ರ ತೆಗೆದಿದ್ದ. ಅನಂತರ ಯೂರೋಪಿನ ಹೊಲ, ಗಾಜಿನ ತೋಟ, ಕೋಳಿಮನೆ, ಕಸಾಯಿಖಾನೆಗಳ ಒಳಕ್ಕೆ ಕ್ಯಾಮೆರಾ ಹೊತ್ತುಕೊಂಡು ಹೋದ. ಅವನ ಕ್ರಮ ವಿಚಿತ್ರವಾದುದು. ದೂರದಲ್ಲಿ, ಸರಿಯಾಗಿ ನಡುಮಧ್ಯದಲ್ಲಿ ಕ್ಯಾಮೆರಾ ನಿಲ್ಲಿಸುತ್ತಾನೆ. ಎಡಕ್ಕೆಷ್ಟೋ ಬಲಕ್ಕೂ ಅಷ್ಟೇ, ದೇವಸ್ಥಾನದ ಕಂಬಸಾಲನ್ನು ಗರ್ಭಗುಡಿಯ ಎದುರು ನಿಂತು ನೋಡಿದ ಹಾಗೆ. ಆಮೇಲೆ ಕಾಯುತ್ತಾನೆ. ನಾವೂ ಕಾಯಬೇಕು. ಸಂಕಲನಕಾರನಾದ ವುಲ್ಫ್‌ಗಾಂಗ್ ವಿಡರ್‌ಹೋಫರ್‌ನಿಗೂ ಅವಸರವೆಂಬುದೇ ಇಲ್ಲ. ಮೊದಲ ಹತ್ತು ನಿಮಿಷ ನನಗೆ ಕಣ್ಣು ಕೂರಿದ್ದನ್ನು ಮುಚ್ಚಿಟ್ಟು ಫಲವಿಲ್ಲ.

ಎಚ್ಚರವಾದದ್ದು ಕೋಳಿಮರಿಗಳಿಂದ. ಒಂದು ಯಂತ್ರದ ಬಾಯಿಂದ ಹಳದಿ ಮರಿಗಳು ಧಾನ್ಯ ಸುರಿದಂತೆ ಸುರಿದು, ಓಡುವ ಪಟ್ಟಿಯ ಮೇಲೆ ಬಿದ್ದು, ಸಾಗಿ, ಕೈಗವಸು ತೊಟ್ಟವರ ಕೈಗೆ ಸಿಕ್ಕಿ, ಡಬ್ಬಗಳಿಗೆ ಬೀಳುತ್ತಿದ್ದವು. ಕೈಗಳ ವೇಗವನ್ನು ನೋಡಬೇಕು! ನಮ್ಮ ಬ್ಯಾಂಕಿನಲ್ಲಿ ನೋಟೆಣಿಸುತ್ತಿದ್ದ ಹಳೆಯ ಕ್ಯಾಷಿಯರುಗಳ ಬೆರಳುಗಳು ನೆನಪಾದವು.

“ಇವುಕ್ಕೆ ತಾಯಿ ಎಲ್ಲಿ?” ಎಂದಳು ಅವ್ವ.

“ಕಾವು ಕೊಡುವುದು ಮೆಷಿನ್ನು ಅಜ್ಜಿ.”

“ಎಷ್ಟು ದಿನಕ್ಕೆ ಒಡೀತವೆ?”

ಮಗಳು ಫೋನಿನಲ್ಲಿ ಹುಡುಕಿ, “21 ದಿನ” ಎಂದಳು.

“ನಮ್ಮ ಹೇಂಟೇನೂವೆ ಇಪ್ಪತ್ತೊಂದೇ ದಿನ ಕೂರ್ತಿತ್ತು” ಎಂದು ಅವ್ವ ಸಮಾಧಾನಗೊಂಡಳು. ಎಷ್ಟು ದೊಡ್ಡ ಯಂತ್ರವಾದರೇನು, ಆ ಒಂದು ಲೆಕ್ಕದಲ್ಲಿ ಅದೂ ತಲೆ ಬಾಗಿಸಲೇಬೇಕಾಯಿತಲ್ಲ ಎಂಬ ತೃಪ್ತಿ ಅವಳ ಮುಖದಲ್ಲಿತ್ತು.

ನನಗೆ ಮಾತ್ರ ಸಮಾಧಾನವಾಗಲಿಲ್ಲ. ಅದಕ್ಕೆ ಕಾರಣವುಂಟು. ನಾನು ಬ್ಯಾಂಕಿನಲ್ಲಿ ಕೃಷಿಸಾಲದ ವಿಭಾಗದಲ್ಲಿ ಬಹುಕಾಲ ಕೆಲಸ ಮಾಡಿದವನು. 1998ರಿಂದ ಕೆಲವು ವರ್ಷಗಳಲ್ಲಿ ನಾನೇ ಅನೇಕ ಕೋಳಿ ಶೆಡ್ಡುಗಳಿಗೆ ಸಾಲ ಮಂಜೂರು ಮಾಡಿದ್ದೇನೆ. ಆ ಕಾಗದಪತ್ರಗಳು ಈಗಲೂ ನನಗೆ ಬಾಯಿಪಾಠ. ಒಂದು ಹಕ್ಕಿಗೆ ಒಂದು ಚದರ ಅಡಿ. 5,000 ಹಕ್ಕಿಗೆ 5,000 ಚದರ ಅಡಿ. ಮರಿ, ಮೇವು, ಔಷಧ ಕಂಪನಿಯದು. ಶೆಡ್ಡು, ನೀರು, ವಿದ್ಯುತ್ತು, ದುಡಿಮೆ ರೈತನದು. ಆರು ವಾರಗಳಷ್ಟಾದ ಮೇಲೆ ಕಂಪನಿಯ ಲಾರಿ ಬಂದು ಹಕ್ಕಿಗಳನ್ನು ಒಯ್ಯುತ್ತದೆ. ರೈತನಿಗೆ ಕಿಲೋ ಲೆಕ್ಕದಲ್ಲಿ ಸಾಕಣೆಯ ಕೂಲಿ. ಸಾವಿನ ಬಾಬ್ತು ಶೇಕಡಾ 5 ಎಂದು ಒಂದು ಅಂಕಣ. ಆ ಅಂಕಣದಲ್ಲಿ ನಾನು ಎಂದೂ ಕೋಳಿಯನ್ನು ಕಂಡವನಲ್ಲ, ಅಂಕಿಯನ್ನು ಕಂಡವನು. ಶೆಡ್ಡು ನೋಡಲು ಹೋದರೂ ಅದರ ಉದ್ದಗಲ ಅಳೆದು, ರೈತ ಕೊಟ್ಟ ಎಳನೀರು ಕುಡಿದು, ಬಾಗಿಲಿನಿಂದಲೇ ಹಿಂದಿರುಗುತ್ತಿದ್ದೆ. ಒಳಗಿನ ವಾಸನೆ ಬಟ್ಟೆಗೆ ಹತ್ತುತ್ತದೆಂಬ ಭಯ.

ಚಿತ್ರದಲ್ಲಿ ಆ ಬಾಗಿಲಿನ ಒಳಕ್ಕೆ ಹೋಗಬೇಕಾಯಿತು. ಮಬ್ಬುಬೆಳಕಿನ ಕೊಟ್ಟಡಿಯಲ್ಲಿ ನೆಲವೇ ಕಾಣದಷ್ಟು ಬಿಳಿ ಕೋಳಿಗಳು. ಒಂದು ವಾಹನ ಮೆಲ್ಲನೆ ಬರುತ್ತದೆ. ಅದರ ಮುಂಭಾಗದಲ್ಲಿ ರಬ್ಬರಿನ ಬೆರಳುಗಳು ಗಿರ್ರನೆ ತಿರುಗುತ್ತವೆ. ಆ ಬೆರಳುಗಳು ಕೋಳಿಗಳನ್ನು ತಮ್ಮತ್ತ ಗೋರಿಕೊಂಡು ಪಟ್ಟಿಯ ಮೇಲಕ್ಕೆ ಏರಿಸುತ್ತವೆ. ಕಸ ಗುಡಿಸುವ ಯಂತ್ರ ನಮ್ಮ ಬೀದಿಯಲ್ಲಿ ಮಾಡುವ ಕೆಲಸವೇ ಇದು. ಅರಚಾಟ ಹೆಚ್ಚೇನೂ ಇಲ್ಲ. ನನ್ನ ಹೊಟ್ಟೆಯಲ್ಲಿದ್ದ ಮಧ್ಯಾಹ್ನದ ಊಟ ಒಮ್ಮೆ ಮಗ್ಗುಲು ಬದಲಾಯಿಸಿತು.

ಈ ಚಿತ್ರ ತೆಗೆದು 20 ವರ್ಷ ದಾಟಿತು. ಆ ಬಳಿಕ ಅಲ್ಲಿ ಕೆಲವು ಬದಲಾವಣೆಗಳಾಗಿವೆ ಎಂಬುದನ್ನೂ ಹೇಳಬೇಕು. ಮೊಟ್ಟೆಯ ಕೋಳಿಗಳನ್ನು ಬರಿಯ ತಂತಿಯ ಪಂಜರಗಳಲ್ಲಿ ಇಡುವ ಹಳೆಯ ಪದ್ಧತಿಯನ್ನು ಯೂರೋಪಿನ ಒಕ್ಕೂಟ 2012ರಿಂದ ನಿಷೇಧಿಸಿತು. ಮೊಟ್ಟೆಯಿಡದ ಗಂಡುಮರಿಗಳನ್ನು ಹುಟ್ಟಿದ ದಿನವೇ ಕೊಲ್ಲುವ ಪದ್ಧತಿಯನ್ನು ಜರ್ಮನಿ 2022ರಿಂದ ನಿಲ್ಲಿಸಿತು. ಒಬ್ಬ ಚಿತ್ರನಿರ್ಮಾಪಕನಿಂದಲೇ ಇದೆಲ್ಲ ಆಯಿತೆಂದು ನಾನು ಹೇಳಲಾರೆ. ಆದರೆ ಮುಚ್ಚಿದ ಬಾಗಿಲುಗಳನ್ನು ತೆರೆದು ತೋರಿಸಿದವರಲ್ಲಿ ಅವನೂ ಒಬ್ಬ.

ಚಿತ್ರ ಮುಂದುವರಿಯಿತು. ಸೂರ್ಯಕಾಂತಿಯ ಹೊಲದ ಮೇಲೆ ವಿಮಾನ ಹಾರಿ ಔಷಧಿ ಚೆಲ್ಲಿತು. ಸೇಬಿನ ಹಣ್ಣುಗಳು ನೀರಿನ ಕಾಲುವೆಯಲ್ಲಿ ತೇಲುತ್ತ ಬಂದವು, “ಎಷ್ಟು ಚೆನ್ನಾಗಿದೆ!” ಎಂದಳು ನನ್ನಾಕೆ, ನಿಜವಾಗಿಯೂ ಚೆನ್ನಾಗಿತ್ತು. ನೆಲದಾಳದ ಉಪ್ಪಿನ ಗಣಿಗೆ ಕೆಲಸಗಾರರು ಇಳಿದರು. ಹಾಲು ಕರೆಯುವ ಕಡೆಯಂತೂ, ಜಾತ್ರೆಯಲ್ಲಿ ಮಕ್ಕಳನ್ನು ಕೂರಿಸಿ ತಿರುಗಿಸುತ್ತಾರಲ್ಲ ಮರದ ಕುದುರೆಗಳ ಚಕ್ರ, ಅಂತಹ ದೊಡ್ಡ ಚಕ್ರದ ಮೇಲೆ ಹಸುಗಳು ನಿಂತು ನಿಧಾನವಾಗಿ ಸುತ್ತು ಬರುತ್ತಿದ್ದವು. ಸುತ್ತು ಮುಗಿಯುವುದರೊಳಗೆ ಕೆಚ್ಚಲು ಬರಿದು. ಅವ್ವ ಕುರ್ಚಿಯಲ್ಲಿ ಮುಂದಕ್ಕೆ ಸರಿದಳು. “ಒದೆಯಾಕಿಲ್ವಾ?” ಎಂದಳು. ಒಂದೂ ಒದೆಯಲಿಲ್ಲ.

ಅದಾದ ಮೇಲೆ ಬಂದ ದೃಶ್ಯವನ್ನು ಕುರಿತು ಬರೆಯುವುದಕ್ಕೇ ನಾನು ಈ ಲೇಖನಕ್ಕೆ ಕೈ ಹಾಕಿದ್ದು.

ಒಂದು ಹಸು ನಿಂತಿದೆ. ಅದರ ಪಕ್ಕೆಯ ಕೂದಲು ಬೋಳಿಸಿದೆ. ವೈದ್ಯ ಬಂದು, ನಿಂತಿರುವ ಹಸುವಿನ ಪಕ್ಕೆಯನ್ನು ಮೇಲಿನಿಂದ ಕೆಳಕ್ಕೆ ಕೊಯ್ಯುತ್ತಾನೆ. ತೋಳನ್ನು ಒಳಕ್ಕಿಳಿಸುತ್ತಾನೆ. ಕ್ಯಾಮೆರಾ ಅಲುಗುವುದಿಲ್ಲ. ನನ್ನಾಕೆ ಸೊಪ್ಪಿನ ಮೊರವನ್ನು ಮುಖಕ್ಕೆ ಅಡ್ಡ ಹಿಡಿದಳು. ಮಗಳು ಹಿಂದೆಯೇ ಒಮ್ಮೆ ನೋಡಿದ್ದವಳು, ಆದರೂ ಕಣ್ಣು ತಗ್ಗಿಸಿದಳು. ನಾನು ಗೋಡೆಯ ಗಡಿಯಾರವನ್ನು ನೋಡಿದೆ. ಅವ್ವ ಒಬ್ಬಳೇ ಕಣ್ಣು ಕೀಳದೆ ನೋಡುತ್ತಿದ್ದಳು. ಆ ರಂಧ್ರದಿಂದ ಮೊದಲು ಕಾಲುಗಳು, ಆಮೇಲೆ ಮೈಯೆಲ್ಲ ಲೋಳೆಯಾದ ಕರು ಹೊರಬಂದಾಗ ಅವ್ವ ಎರಡು ಕೈಯನ್ನೂ ಎತ್ತಿ, “ಬಂತು, ಬಂತು! ಸದ್ಯ!” ಎಂದು ಕೂಗಿಯೇಬಿಟ್ಟಳು.

ಆಮೇಲೆ, ಯಾರನ್ನೂ ಉದ್ದೇಶಿಸದೆ, “ಅವತ್ತು ಇಂತಾ ಒಬ್ಬ ಡಾಕ್ಟ್ರು ಸಿಕ್ಕಿದ್ರೆ ನಮ್ಮ ಗೌರಿ ಉಳೀತಿತ್ತು” ಎಂದಳು.

ಗೌರಿಯನ್ನು ನಾನು ಮರೆತಿದ್ದೆ. ಅಥವಾ ಮರೆತಿರುವೆನೆಂದು ತಿಳಿದಿದ್ದೆ. 1974ರ ಮಳೆಗಾಲ, ನಾನಾಗ 14 ವರ್ಷದ ಹುಡುಗ. ಕರು ಹೊಟ್ಟೆಯಲ್ಲಿ ಅಡ್ಡವಾಗಿ ಸಿಕ್ಕಿಕೊಂಡು ಗೌರಿ ಒಂದು ಹಗಲು ಒಂದು ರಾತ್ರಿ ನರಳಿತು. ಊರಿನ ಬಲ್ಲವರು ಬಂದು ಕೈ ಹಾಕಿ ನೋಡಿ ಸೋತರು. ಡಾಕ್ಟರನ್ನು ಕರೆತರಲು ಅಪ್ಪ ಸೈಕಲ್ಲಿನಲ್ಲಿ ನನ್ನನ್ನು ಅಟ್ಟಿದ. ಹಳ್ಳ ತುಂಬಿ ಹರಿಯುತ್ತಿತ್ತು. ನಾನು ಈಚೆ ದಡದಲ್ಲಿ ಬಹಳ ಹೊತ್ತು ನಿಂತಿದ್ದು ಹಿಂದಿರುಗಿ ಬಂದೆ. ದಾಟಬಹುದಿತ್ತೇ? ದಾಟಬಹುದಿತ್ತೆಂದೇ ಕಾಣುತ್ತದೆ, ನನ್ನ ಹಿಂದೆ ಬಂದ ಇಬ್ಬರು ಸೊಂಟದವರೆಗೆ ನೀರಿನಲ್ಲಿ ದಾಟಿ ಹೋದುದನ್ನು ನಾನು ಕಂಡೆ. ಅದನ್ನು ಮನೆಯಲ್ಲಿ ಹೇಳಲಿಲ್ಲ. ಬೆಳಗಿನ ಜಾವ ಗೌರಿ ಸತ್ತಿತು, ಕರು ಒಳಗೇ ಉಳಿಯಿತು. ಅವ್ವ ಮೂರು ದಿನ ಕೊಟ್ಟಿಗೆಯ ಕಡೆ ಹೋಗಲಿಲ್ಲ. ನನ್ನನ್ನು ಒಂದು ಮಾತೂ ಅನ್ನಲಿಲ್ಲ.

ಪಟ್ಟಣದವರಾದ ನಾವು ನೋಡಲಾರದೆ ಮುಖ ತಿರುಗಿಸಿದ್ದನ್ನು ಅವ್ವ ಜೀವ ಉಳಿಸುವ ಕೆಲಸವೆಂದು ಕಂಡಿದ್ದಳು. ಮಗಳಿಗೆ ಇದು ಆಶ್ಚರ್ಯವನ್ನುಂಟುಮಾಡಿತು. “ಅಜ್ಜಿ, ಅಲ್ಲಿ ಅದು ಹಾಗಲ್ಲ...” ಎಂದು ಆರಂಭಿಸಿದಳು. ಅವಳು ಏನು ಹೇಳಹೊರಟಿದ್ದಳೆಂದು ನನಗೆ ಗೊತ್ತಿತ್ತು. ಬೆಲ್ಜಿಯಂ ದೇಶದಲ್ಲಿ ‘ಬೆಲ್ಜಿಯನ್ ಬ್ಲೂ’ ಎಂಬ ದನದ ತಳಿಯುಂಟು. ಮಾಂಸ ಹೆಚ್ಚಾಗಲೆಂದು ಆಯ್ದು ಆಯ್ದು ಬೆಳೆಸಿದ ಫಲವಾಗಿ ಅದರ ಕರುವಿನ ಮೈ ತಾಯಿಯ ಹಾದಿಯಲ್ಲಿ ಹಿಡಿಸುವುದೇ ಇಲ್ಲ. ಆ ತಳಿಯಲ್ಲಿ ಹತ್ತಕ್ಕೆ ಒಂಬತ್ತಕ್ಕಿಂತ ಹೆಚ್ಚು ಹೆರಿಗೆಗಳು ಶಸ್ತ್ರಚಿಕಿತ್ಸೆಯಿಂದಲೇ ಆಗುತ್ತವೆ. ಅಲ್ಲಿ ಅದು ಆಪತ್ತಿನ ಉಪಾಯವಲ್ಲ, ಕಸುಬಿನ ಕ್ರಮ. ನಾನು ಮಗಳಿಗೆ ಕಣ್ಸನ್ನೆ ಮಾಡಿ ತಡೆದೆ. ಅವ್ವನ ಮುಖದಲ್ಲಿ ಆಗ ಇದ್ದ ಬೆಳಕನ್ನು ಆರಿಸಲು ನನಗೆ ಧೈರ್ಯವಿರಲಿಲ್ಲ. ಇದನ್ನು ಅನುಕಂಪವೆಂದು ಹೇಳಿಕೊಳ್ಳಬಹುದಾದರೂ, ಹಳ್ಳದ ದಡದಲ್ಲಿ ನಿಂತ ಹುಡುಗನಿಗೂ ಇದರಲ್ಲಿ ಪಾಲುಂಟೆಂದು ನನಗೆ ಅನುಮಾನ.

ಕಸಾಯಿಖಾನೆಯ ಭಾಗ ಬಂದಾಗ ನನ್ನಾಕೆ ಸೊಪ್ಪು ತೊಳೆಯುವ ನೆಪದಲ್ಲಿ ಅಡಿಗೆಮನೆಗೆ ಎದ್ದುಹೋದಳು. ಒಬ್ಬಳು ಹೆಂಗಸು, ತಲೆಕೆಳಗಾಗಿ ತನ್ನ ಮುಂದೆ ಬರುವ ಒಂದೊಂದು ಹಂದಿಯ ಪಾದಗಳನ್ನೂ ಯಂತ್ರದ ಕತ್ತರಿಯಿಂದ ಕತ್ತರಿಸುತ್ತಿದ್ದಳು. ನಾವು ಹೂವಿನ ದಂಡೆಯ ದಾರ ಕತ್ತರಿಸಿದಷ್ಟು ಸಲೀಸಾಗಿ. ಕ್ರೌರ್ಯವೆಂದು ಕರೆಯಲು ಅವಳ ಮುಖದಲ್ಲಿ ಏನೂ ಸಿಗದು. ಅವ್ವನಿಗೆ ಇದರಿಂದ ಗಾಬರಿಯಾದಂತೆ ಕಾಣಲಿಲ್ಲ. ಯುಗಾದಿಯ ಮಾರನೆಯ ದಿನದ ವರ್ಷತೊಡಕಿಗೆ ತಾನೇ ಮಂಕರಿಯಡಿಯಿಂದ ಹುಂಜ ಹಿಡಿದು ಕೊಡುತ್ತಿದ್ದವಳು ಅವಳು. ಪ್ರಾಣಿ ಸಾಯದೆ ಸಾರು ಆಗುವುದಿಲ್ಲವೆಂಬುದನ್ನು ಅವಳಿಗೆ ಯಾರೂ ಚಿತ್ರ ತೆಗೆದು ತೋರಿಸಬೇಕಾಗಿರಲಿಲ್ಲ. ಕೊಕ್ಕರೆ ರೋಗ ಬಂದ ವರ್ಷ ಒಂದೇ ವಾರದಲ್ಲಿ ಊರಿನ ಕೋಳಿಗಳೆಲ್ಲ ಸತ್ತು, ತಿಪ್ಪೆಗೆ ಹೊತ್ತು ಹಾಕಿದ್ದನ್ನೂ ಅವಳು ಕಂಡಿದ್ದಳು. ಹಳೆಯ ಕಾಲವೇ ಚೆನ್ನಾಗಿತ್ತೆಂದು ಅವಳ ಬಾಯಲ್ಲಿ ನಾನು ಕೇಳಿದ್ದು ಕಡಿಮೆ. ಕೊನೆಯಲ್ಲಿ ಕೆಲಸಗಾರರು ಗೋಡೆ, ನೆಲ, ಯಂತ್ರಗಳಿಗೆಲ್ಲ ನೊರೆ ಎರಚಿ ತೊಳೆಯುವಾಗ, “ಸಂದಾಕ್ ತೊಳೀತಾರೆ” ಎಂದು ಮೆಚ್ಚಿದಳು.

ಅವಳನ್ನು ಕಲಕಿದ್ದು ಬೇರೆಯೇ ಒಂದು ದೃಶ್ಯ. ನಾನಾದರೋ ಅದನ್ನು ದೃಶ್ಯವೆಂದೇ ಎಣಿಸಿರಲಿಲ್ಲ. ಕೆಲಸಗಳ ನಡುನಡುವೆ ಗೈರ್‌ಹಾಲ್ಟರ್ ಕೆಲಸಗಾರರ ಬಿಡುವಿನ ಹೊತ್ತನ್ನೂ ತೋರಿಸುತ್ತಾನೆ. ಬರಿಯ ಗೋಡೆಯ ಒಂದು ಕೋಣೆಯಲ್ಲಿ ಕೆಲಸದ ಉಡುಪಿನಲ್ಲಿಯೇ ಒಬ್ಬ ಹೆಂಗಸು ಕುಳಿತು ಬ್ರೆಡ್ಡು ತಿನ್ನುತ್ತಾಳೆ. ಅಗಿಯುತ್ತಾಳೆ, ಎತ್ತಲೋ ನೋಡುತ್ತಾಳೆ, ಮತ್ತೆ ಕಚ್ಚುತ್ತಾಳೆ. ಅಷ್ಟೇ. ಕ್ಯಾಮೆರಾ ಎಂದಿನಂತೆ ನಡುಮಧ್ಯದಲ್ಲಿ ನಿಂತು ಅವಳನ್ನು ನೋಡುತ್ತದೆ.

“ಅಯ್ಯೋ, ಒಬ್ಬಳೇ ಉಣ್ತಾವ್ಳಲ್ಲೋ” ಎಂದಳು ಅವ್ವ.

ನಾವು ಯಾರೂ ಉತ್ತರ ಕೊಡಲಿಲ್ಲ. ದೃಶ್ಯ ಬದಲಾಯಿತು. ಸ್ವಲ್ಪ ಹೊತ್ತಾದ ಮೇಲೆ ಅವ್ವ ಮತ್ತೆ, “ಅಷ್ಟು ಜನಕ್ಕೆ ಬೇಯಿಸಿ ಹಾಕೋಳು, ಅವಳ ಜೊತೇಲಿ ಉಣ್ಣಾಕೆ ಯಾರೂ ಇಲ್ವಾ?” ಎಂದಳು. ಬೇಯಿಸಿ ಹಾಕುವವಳಲ್ಲ, ಕತ್ತರಿಸುವವಳೋ ಕಟ್ಟುವವಳೋ ಎಂದು ತಿದ್ದಬಹುದಾಗಿತ್ತು. ಯಾರೂ ತಿದ್ದಲಿಲ್ಲ.

ರಾತ್ರಿ ನನಗೂ ಮಗಳಿಗೂ ಚರ್ಚೆಯಾಯಿತು. ಇಷ್ಟೆಲ್ಲ ನೋಡಿದವನು ಒಂದು ಮಾತನ್ನಾದರೂ ಹೇಳಬೇಡವೇ ಎಂಬುದು ನನ್ನ ಆಕ್ಷೇಪಣೆ. ಟೆಂಟಿನ ಆ ಗಂಡು ಧ್ವನಿಯನ್ನು ಹಳಿದವನೇ ಈಗ ಅದಕ್ಕಾಗಿ ಹಂಬಲಿಸುತ್ತಿದ್ದೇನೆಂದು ಅವಳು ನಕ್ಕಳು. ಅದೇ ಆಸ್ಟ್ರಿಯಾದಲ್ಲಿ, ಅದೇ 2005ರಲ್ಲಿ, ಎರ್ವಿನ್ ವಾಗನ್‌ಹೋಫರ್ ಎಂಬಾತ ಇದೇ ವಿಷಯವನ್ನು ಕುರಿತು ಇನ್ನೊಂದು ಚಿತ್ರ ತೆಗೆದಿದ್ದಾನಂತೆ. ಅದರ ತುಂಬ ಮಾತು: ರೈತರು, ಮೀನುಗಾರರು, ಕಂಪನಿಯ ಅಧ್ಯಕ್ಷರು, ಆಹಾರದ ಹಕ್ಕನ್ನು ನೋಡಿಕೊಳ್ಳಲು ವಿಶ್ವಸಂಸ್ಥೆ ನೇಮಿಸಿದ್ದ ಜ್ಯಾಂ ಜೀಗ್ಲರ್. ವಿಯೆನ್ನಾದಲ್ಲಿ ದಿನವೂ ಎಸೆಯುವ ಬ್ರೆಡ್ಡು ಆ ದೇಶದ ಎರಡನೆಯ ದೊಡ್ಡ ನಗರವಾದ ಗ್ರಾತ್ಸ್ ಊರಿಗೆಲ್ಲ ಸಾಕಾಗುವಷ್ಟು ಎಂದು ಆ ಚಿತ್ರ ಹೇಳುತ್ತದೆ. ಅಂತಹ ಅಂಕಿ ಒಮ್ಮೆ ಕೇಳಿದರೆ ಮರೆಯುವುದಿಲ್ಲ, ನಾನು ಒಪ್ಪುತ್ತೇನೆ. “ಆದರೆ ಅದನ್ನು ಹಾಕಿದ್ದರೆ ಅಜ್ಜಿ ಐದು ನಿಮಿಷಕ್ಕೆ ಎದ್ದು ಒಳಗೆ ಹೋಗುತ್ತಿದ್ದರು” ಎಂದಳು ಮಗಳು. ಅದನ್ನೂ ಒಪ್ಪಬೇಕಾಯಿತು.

ನಮ್ಮ ಮನೆಯ ಊಟದ ಕ್ರಮವನ್ನು ಇಲ್ಲಿ ಹೇಳಬೇಕು. ಅಪ್ಪ ತೀರಿಕೊಂಡು, 2012ರಲ್ಲಿ ಗದ್ದೆ ಮಾರಿದ ಮೇಲೆ, ಅವ್ವ ಬೆಂಗಳೂರಿಗೆ ಬಂದಳು. ಸಕ್ಕರೆ ಕಾಯಿಲೆಯ ಮಾತ್ರೆಯಿಂದಾಗಿ ಅವಳ ಊಟ 12-30ಕ್ಕೆ ತಪ್ಪದೆ ಆಗಬೇಕು. ನನ್ನಾಕೆ ಶಾಲೆಯ ಕೆಲಸಕ್ಕೆ ಹೋಗುವ ಮುನ್ನ ಎಲ್ಲವನ್ನೂ ಮುಚ್ಚಿಟ್ಟು, ತನ್ನ ಡಬ್ಬಿ ಕಟ್ಟಿಕೊಂಡು ಹೊರಡುತ್ತಾಳೆ. ಮಗಳು ತನ್ನ ಕೋಣೆಯಲ್ಲಿ ಕಂಪ್ಯೂಟರಿನ ಮುಂದೆಯೇ ಉಣ್ಣುತ್ತಾಳೆ. ನಿವೃತ್ತನಾದ ನಾನು ಎರಡು ಗಂಟೆಗೆ, ಟಿ.ವಿ.ಯ ವಾರ್ತೆಯ ಮುಂದೆ. ಅವ್ವನ ತಟ್ಟೆ ಅವಳ ಮಂಚಕ್ಕೆ ಹೋಗುತ್ತದೆ. ಒಯ್ದು ಕೊಡುವವನು ನಾನೇ. ಕೊಟ್ಟು, ನೀರಿಟ್ಟು, ಬಂದುಬಿಡುತ್ತೇನೆ. ಭಾನುವಾರದ ಒಂದು ಊಟ ಬಿಟ್ಟರೆ ಇಷ್ಟು ವರ್ಷ ಹೀಗೆಯೇ ನಡೆದಿದೆ. ಇದರಲ್ಲಿ ಯಾರಿಗೂ ಯಾವ ಕೊರತೆಯೂ ಆಗಿಲ್ಲವೆಂದು ಪ್ರಮಾಣ ಮಾಡಿ ಹೇಳಲು ನಾನು ಸಿದ್ಧನಾಗಿದ್ದೆ.

ಸೋಮವಾರ 12-30ಕ್ಕೆ ಎರಡು ತಟ್ಟೆಗಳನ್ನು ತೆಗೆದುಕೊಂಡು ಹೋದೆ. ಅವ್ವ ನನ್ನ ಮುಖವನ್ನೂ ತಟ್ಟೆಯನ್ನೂ ನೋಡಿ, “ಯಾಕ್ಲಾ, ಮೈ ಉಸಾರಿಲ್ವಾ?” ಎಂದಳು.

“ಇಲ್ಲವ್ವ, ಹಸಿವಾಯಿತು.”

ಅವಳು ಕಾಲು ಮಡಿಸಿಕೊಂಡು ಮಂಚದಲ್ಲಿ ಜಾಗ ಬಿಟ್ಟಳು. ಸೊಪ್ಪಿನ ಸಾರು, ನನ್ನಾಕೆ ಭಾನುವಾರ ಬಿಡಿಸಿದ ಸೊಪ್ಪೇ. ಅವ್ವನಿಗೆ ಹಲ್ಲಿಲ್ಲ, ಮುದ್ದೆಗೆ ಹಲ್ಲು ಬೇಕಾಗಿಯೂ ಇಲ್ಲ. ಬೆರಳಲ್ಲಿ ಚೂರು ಮುರಿದು, ಸಾರಿನಲ್ಲಿ ಹೊರಳಿಸಿ, ಸರಾಗವಾಗಿ ನುಂಗುತ್ತಾಳೆ. ಹಳ್ಳದ ಸಂಗತಿಯನ್ನು ಅಂದು ಹೇಳಿಬಿಡಬೇಕೆಂದು ನಾನು ಮನಸ್ಸು ಮಾಡಿದ್ದೆ. ಎರಡು ಬಾರಿ ಬಾಯವರೆಗೂ ಬಂತು. ಹೇಳಲಿಲ್ಲ, ಇನ್ನೂ ಹೇಳಿಲ್ಲ.

ಅರ್ಧ ಊಟವಾದ ಮೇಲೆ ಅವ್ವ ಕೇಳಿದಳು: “ಆ ಎಣ್ಣು ಯಾವೂರೋಳಂತೆ?”

“ಯಾವ ಹೆಣ್ಣವ್ವ?”

“ಅದೇ ಕಣ್ಲಾ, ಒಬ್ಬಳೇ ಕುಂತು ಉಣ್ತಿದ್ಲಲ್ಲ.”

“ಅದನ್ನು ಆ ಚಿತ್ರದಲ್ಲಿ ಹೇಳಿಲ್ಲ. ತೆಗೆದವನು ಯಾರನ್ನೂ ಏನನ್ನೂ ಕೇಳುವುದಿಲ್ಲ, ಸುಮ್ಮನೆ ನೋಡುತ್ತಾನೆ ಅಷ್ಟೆ.”

ಅವ್ವ ಕೈಯಲ್ಲಿದ್ದ ತುತ್ತನ್ನು ಸಾರಿನಲ್ಲಿ ಇನ್ನೊಮ್ಮೆ ಹೊರಳಿಸಿದಳು.

“ಕೇಳ್ಬೇಕಾಗಿತ್ತು ಅವ್ನು” ಎಂದಳು. “ಉಣ್ಣು, ಸಾರು ಆರೋಯ್ತದೆ.”